ಪೀಟರ್ ಸುಂಡೆ: ನಡುವೆ ನಿಂತವರ ಪ್ರಶ್ನೆ

ಫೈಲ್ ಹಂಚಿಕೆಯ ಚರಿತ್ರೆಯನ್ನು ಓದುವಾಗ ನಾವು ಸಾಮಾನ್ಯವಾಗಿ 'ಪೈರೇಟ್ ಬೇ' ಎಂಬ ಜಾಲತಾಣದ ಹೆಸರಿನವರೆಗೆ ಬಂದು ನಿಲ್ಲುತ್ತೇವೆ. ಅದನ್ನು ಕಟ್ಟಿ ನಡೆಸಿದವರ ಬದುಕಿನ ಕಡೆಗೆ ಹೋಗುವುದಿಲ್ಲ. ನಮ್ಮ ಚರ್ಚೆಗಾಗಿ ಬರೆದ ಈ ಟಿಪ್ಪಣಿ ಅವರಲ್ಲಿ ಒಬ್ಬರಾದ ಪೀಟರ್ ಸುಂಡೆ ಅವರನ್ನು ಕುರಿತದ್ದು. 1978ರ ಸೆಪ್ಟೆಂಬರ್ 13ರಂದು ಸ್ವೀಡನ್ನಿನ ಪಶ್ಚಿಮ ಕರಾವಳಿಯ ಉದ್ದೆವಲ್ಲ ಪಟ್ಟಣದಲ್ಲಿ ಹುಟ್ಟಿದರು. ಮನೆತನದ ಬೇರುಗಳು ನಾರ್ವೆ ಮತ್ತು ಫಿನ್ಲೆಂಡಿನಲ್ಲಿವೆ. ಪೂರ್ತಿ ಹೆಸರು ಪೀಟರ್ ಸುಂಡೆ ಕೊಲ್ಮಿಸೊಪ್ಪಿ. ಅಂತರಜಾಲದಲ್ಲಿ ಅವರನ್ನು ಜನ ಗುರುತಿಸಿದ್ದು 'ಬ್ರೋಕೆಪ್' ಎಂಬ ಹೆಸರಿನಿಂದ.

ಬಿಟ್ಟಿ ಸಿನಿಮಾ ಹಂಚಲು ನೆರವಾಗಿ ಜೈಲಿಗೆ ಹೋದವರು ಎಂಬ ಒಂದು ಸಾಲಿನ ಪರಿಚಯ ಇವರಿಗೆ ಅಂಟಿಕೊಂಡಿದೆ. ಅಷ್ಟನ್ನೇ ಓದಿಕೊಂಡರೆ ಅವರ ಮುಂದಿನ ಕೆಲಸಗಳು ಒಂದಕ್ಕೊಂದು ಸಂಬಂಧವಿಲ್ಲದ ಚೂರುಗಳಂತೆ ಕಾಣುತ್ತವೆ. ನಾನು ಓದಿಕೊಂಡ ಮಟ್ಟಿಗೆ ಅವುಗಳನ್ನೆಲ್ಲ ಪೋಣಿಸುವ ದಾರ ಒಂದಿದೆ. ಒಬ್ಬರಿಂದ ಇನ್ನೊಬ್ಬರಿಗೆ ಹಾಡೋ ಹಣವೋ ಮಾತೋ ದಾಟುವಾಗ, ನಡುವೆ ನಿಂತು ಸುಂಕ ಕೇಳುವ, ಕದ್ದು ಕೇಳುವ, ಬಾಗಿಲು ಹಾಕುವ ಅಧಿಕಾರ ಯಾರ ಕೈಯಲ್ಲಿರಬೇಕು? ಈ ಪ್ರಶ್ನೆಯನ್ನು ಮನಸ್ಸಿನಲ್ಲಿಟ್ಟುಕೊಂಡು ಮುಂದೆ ಓದಿ.

ಸ್ವೀಡನ್ನಿನ ನೆಲ

ಇಂಥದ್ದೊಂದು ಸ್ವೀಡನ್ನಿನಲ್ಲಿ ಹುಟ್ಟಿದ್ದು ಆಕಸ್ಮಿಕವೇನೂ ಅಲ್ಲ. 1998ರಲ್ಲಿ ಅಲ್ಲಿನ ಸರ್ಕಾರ ನೌಕರರು ತಮ್ಮ ಕಂಪನಿಯ ಮೂಲಕ ಮನೆಗೆ ಕಂಪ್ಯೂಟರ್ ಪಡೆಯುವುದಕ್ಕೆ ತೆರಿಗೆ ವಿನಾಯಿತಿ ಕೊಟ್ಟಿತು. ಮನೆ ಮನೆಗೆ ಕಂಪ್ಯೂಟರ್ ಬಂತು, ಅದರ ಹಿಂದೆಯೇ ವೇಗದ ಬ್ರಾಡ್‌ಬ್ಯಾಂಡ್ ಬಂತು. ಕಾನೂನೂ ಆಗ ಸಡಿಲವಾಗಿತ್ತು. ಸ್ವಂತ ಬಳಕೆಗೆ ಇಂಟರ್ನೆಟ್‌ನಿಂದ ಇಳಿಸಿಕೊಳ್ಳುವುದು ಸ್ವೀಡನ್ನಿನಲ್ಲಿ ಅಪರಾಧವಾದದ್ದು 2005ರ ಜುಲೈ 1ರಿಂದ, ಯುರೋಪಿಯನ್ ಒಕ್ಕೂಟದ 2001ರ ಕೃತಿಸ್ವಾಮ್ಯ ನಿರ್ದೇಶನವನ್ನು ಅಲ್ಲಿನ ಕಾನೂನಿಗೆ ಸೇರಿಸಿದ ಮೇಲೆ. ಪೈರೇಟ್ ಬೇ ಹುಟ್ಟಿದ್ದು ಅದಕ್ಕೆ ಮೊದಲು, 2003ರಲ್ಲಿ. ಈ ಎರಡು ವರ್ಷಗಳ ಅಂತರ ನೆನಪಿರಲಿ. ಒಂದು ತಲೆಮಾರಿನ ಹುಡುಗರಿಗೆ ಸಹಜ ಅಭ್ಯಾಸವಾಗಿದ್ದುದು ನಡುವೆಯೇ ಅಪರಾಧವಾಯಿತು. ಆಮೇಲೆ ಅಲ್ಲಿ ಎದ್ದ ಸಿಟ್ಟಿನ ಮೂಲ ಅಲ್ಲಿದೆ.

ಸಿನಿಮಾ ಮತ್ತು ಆಟಗಳ ಉದ್ಯಮ 2001ರಲ್ಲಿ 'ಆಂಟಿಪಿರಾತ್‌ಬ್ಯೂರೋನ್' ಎಂಬ ನಕಲುವಿರೋಧಿ ಸಂಸ್ಥೆಯನ್ನು ಕಟ್ಟಿತ್ತು. ಅದಕ್ಕೆ ಎದುರಾಗಿ 2003ರಲ್ಲಿ 'ಪಿರಾತ್‌ಬ್ಯೂರೋನ್' ಎಂಬ ಗುಂಪು ಹುಟ್ಟಿತು: ಕಲಾವಿದರು, ಬರಹಗಾರರು, ಪ್ರೋಗ್ರಾಮರ್‌ಗಳು ಸೇರಿ ಕೃತಿಸ್ವಾಮ್ಯದ ಬಗ್ಗೆ ಚರ್ಚಿಸುವ ಕೂಟ. ಪೈರೇಟ್ ಬೇ ಮೊದಲಿಗೆ ಈ ಕೂಟದ ಒಂದು ಪ್ರಯೋಗವಾಗಿತ್ತು. ಗಾಟ್‌ಫ್ರಿಡ್ ಸ್ವಾರ್ಟ್‌ಹೋಮ್ ಆಗ ಮೆಕ್ಸಿಕೋದಲ್ಲಿ ಕೆಲಸದಲ್ಲಿದ್ದರು. ಮೊದಲ ಸರ್ವರ್ ಓಡಿದ್ದು ಅಲ್ಲಿ. ಫ್ರೆಡ್ರಿಕ್ ನೇಯ್ ಯಂತ್ರಗಳ ಹೊಣೆ ಹೊತ್ತರು. ಸುಂಡೆ ಅದರ ವಕ್ತಾರರಾದರು. 2004ರಿಂದ ತಾಣ ಪಿರಾತ್‌ಬ್ಯೂರೋನ್‌ನಿಂದ ಬೇರ್ಪಟ್ಟು ಸ್ವತಂತ್ರವಾಗಿ ನಡೆಯಿತು.

ಯಂತ್ರ ಕೆಲಸ ಮಾಡುವ ಬಗೆ

ಇದು ತಿಳಿಯದೆ ಮೊಕದ್ದಮೆ ಅರ್ಥವಾಗುವುದಿಲ್ಲ, ಆದ್ದರಿಂದ ಇಲ್ಲಿ ಸ್ವಲ್ಪ ನಿಧಾನಿಸೋಣ.

1999ರಲ್ಲಿ ಬಂದ ನ್ಯಾಪ್‌ಸ್ಟರ್‌ನಲ್ಲಿ ಹಾಡುಗಳು ಬಳಕೆದಾರರ ಕಂಪ್ಯೂಟರುಗಳಲ್ಲೇ ಇದ್ದವು. ಯಾರ ಬಳಿ ಯಾವುದಿದೆ ಎಂಬ ಪಟ್ಟಿ ಮಾತ್ರ ಕಂಪನಿಯ ಸರ್ವರಿನಲ್ಲಿತ್ತು. ಅಮೆರಿಕದ ನ್ಯಾಯಾಲಯ ಆ ಪಟ್ಟಿಯ ಮೇಲೆ ಕೈಯಿಟ್ಟಿತು. 2001ರಲ್ಲಿ ನ್ಯಾಪ್‌ಸ್ಟರ್ ನಿಂತುಹೋಯಿತು. ಅದೇ ವರ್ಷ ಬ್ರ್ಯಾಮ್ ಕೊಹೆನ್ ಎಂಬ ಅಮೆರಿಕದ ಪ್ರೋಗ್ರಾಮರ್ ಬಿಟ್‌ಟೊರೆಂಟ್ ಹೊರತಂದರು. ಅದರಲ್ಲಿ ದೊಡ್ಡ ಫೈಲನ್ನು ಸಣ್ಣ ಸಣ್ಣ ತುಂಡುಗಳಾಗಿ ಒಡೆಯುತ್ತಾರೆ. ಒಬ್ಬ ವಿದ್ಯಾರ್ಥಿಯ ಬಳಿ ಇಡೀ ವರ್ಷದ ನೋಟ್ಸ್ ಇದೆ ಎಂದುಕೊಳ್ಳಿ. ಅವನು ನಲವತ್ತು ಜನರಿಗೂ ಇಡೀ ನೋಟ್ಸನ್ನು ಜೆರಾಕ್ಸ್ ಮಾಡಿ ಕೊಡುವ ಬದಲು ಒಬ್ಬೊಬ್ಬರಿಗೆ ಒಂದೊಂದು ಅಧ್ಯಾಯ ಕೊಡುತ್ತಾನೆ; ಅವರು ತಮ್ಮ ತಮ್ಮಲ್ಲೇ ಬದಲಾಯಿಸಿಕೊಂಡು ಎಲ್ಲರೂ ಪೂರ್ತಿ ಮಾಡಿಕೊಳ್ಳುತ್ತಾರೆ. ಬಿಟ್‌ಟೊರೆಂಟ್ ಮಾಡುವುದು ಇದನ್ನೇ. ಬೇಡಿಕೆ ಹೆಚ್ಚಾದಷ್ಟೂ ಕೊಡುವ ಕೈಗಳೂ ಹೆಚ್ಚುತ್ತವೆ. ಪ್ರತಿ ತುಂಡಿಗೂ ಒಂದು ಗಣಿತದ ಗುರುತಿನ ಸಂಖ್ಯೆ, ಅಂದರೆ ಹ್ಯಾಶ್, ಇರುವುದರಿಂದ ಬಂದ ತುಂಡು ಸರಿಯಾದದ್ದೇ ಎಂದು ಪರೀಕ್ಷಿಸಬಹುದು. ಯಾವ ತುಂಡು ಅಪರೂಪವಾಗಿದೆಯೋ ಅದನ್ನು ಮೊದಲು ಪಡೆಯುವುದು, ಹೆಚ್ಚು ಕೊಟ್ಟವರಿಗೆ ಹೆಚ್ಚು ಕೊಡುವುದು ಇದರ ನಿಯಮ. ಈ ನಿಯಮಗಳಲ್ಲಿ ಅಕ್ರಮವಾದದ್ದು ಏನೂ ಇಲ್ಲ. ಲಿನಕ್ಸ್ ಎಂಬ ಮುಕ್ತ ಕಾರ್ಯಾಚರಣ ವ್ಯವಸ್ಥೆಯ ವಿತರಕರು ಇಂದಿಗೂ ತಮ್ಮ ದೊಡ್ಡ ಫೈಲುಗಳನ್ನು ಹೀಗೆ ಹಂಚುತ್ತಾರೆ.

ಪೈರೇಟ್ ಬೇ ಇದರಲ್ಲಿ ಎರಡು ಕೆಲಸ ಮಾಡುತ್ತಿತ್ತು. ಒಂದು, ಫೈಲಿನ ವಿವರ ಹೊತ್ತ ಪುಟ್ಟ ಟೊರೆಂಟ್ ಕಡತಗಳ ಸೂಚಿ. ಇನ್ನೊಂದು ಟ್ರ್ಯಾಕರ್: ಈ ತುಂಡುಗಳು ಸದ್ಯ ಯಾರ ಬಳಿ ಇವೆ ಎಂದು ಹೇಳುವ ಸರ್ವರ್. ಸಿನಿಮಾ, ಹಾಡು ಯಾವುದೂ ಅವರ ಸರ್ವರಿನಲ್ಲಿರಲಿಲ್ಲ. ಕಾಲ ಕಳೆದಂತೆ ಈ ನಡುವಿನ ಕೆಲಸವೂ ಕರಗಿತು. 2009ರ ನವೆಂಬರಿನಲ್ಲಿ ಅವರು ಟ್ರ್ಯಾಕರ್ ಮುಚ್ಚಿದರು. ಆ ಕೆಲಸವನ್ನು ಬಳಕೆದಾರರ ಕಂಪ್ಯೂಟರುಗಳೇ ತಮ್ಮೊಳಗೆ ಹಂಚಿಕೊಂಡವು. 2012ರಲ್ಲಿ ಟೊರೆಂಟ್ ಕಡತಗಳ ಜಾಗಕ್ಕೆ ಮ್ಯಾಗ್ನೆಟ್ ಲಿಂಕ್ ಬಂತು, ಅಂದರೆ ಬರೀ ಒಂದು ಹ್ಯಾಶ್ ಸಂಖ್ಯೆ. ಆಗ ಒಬ್ಬ ಬಳಕೆದಾರ ತಾಣದ ಇಡೀ ಸೂಚಿಯನ್ನು ಸಂಕುಚಿಸಿ ನೋಡಿದಾಗ ಅದು ಸುಮಾರು 90 ಎಂಬಿ ಆಯಿತು. ಜಗತ್ತಿನ ಅತಿ ದೊಡ್ಡ ಉದ್ಯಮಗಳು ವರ್ಷಗಟ್ಟಲೆ ಬೆನ್ನಟ್ಟಿದ ತಾಣ ಒಂದು ಪೆನ್‌ಡ್ರೈವಿನ ಮೂಲೆಯಲ್ಲಿ ಹಿಡಿಸುತ್ತಿತ್ತು. ಈ ವಿಷಯದಲ್ಲಿ ನನ್ನನ್ನು ಅತಿ ಹೆಚ್ಚು ಯೋಚನೆಗೆ ಹಚ್ಚಿದ ಸಂಗತಿ ಇದು.

ದಾಳಿ, ಮೊಕದ್ದಮೆ

2006ರ ಮೇ 31ರಂದು ಸುಮಾರು 65 ಪೊಲೀಸರು ಸರ್ವರ್‌ಗಳಿದ್ದ ಜಾಗಗಳ ಮೇಲೆ ದಾಳಿ ಮಾಡಿ ಯಂತ್ರಗಳನ್ನು ಹೊತ್ತೊಯ್ದರು. ಪೈರೇಟ್ ಬೇಗೆ ಸಂಬಂಧವಿಲ್ಲದ ಬೇರೆ ಗ್ರಾಹಕರ ಸರ್ವರ್‌ಗಳೂ ಅದರಲ್ಲಿ ಹೋದವು. ಅದೇ ವರ್ಷದ ಮಾರ್ಚಿನಲ್ಲಿ ಅಮೆರಿಕದ ಚಲನಚಿತ್ರ ಉದ್ಯಮದ ಸಂಘ ಸ್ವೀಡನ್ನಿನ ನ್ಯಾಯ ಸಚಿವಾಲಯಕ್ಕೆ ಕ್ರಮಕ್ಕಾಗಿ ಒತ್ತಾಯಿಸಿ ಪತ್ರ ಬರೆದಿತ್ತು ಎಂಬುದು ಹೊರಬಂದ ಮೇಲೆ ವಿಷಯ ಕೃತಿಸ್ವಾಮ್ಯವನ್ನು ಮೀರಿ ದೇಶದ ಸ್ವಾಯತ್ತತೆಯ ಪ್ರಶ್ನೆಯಾಯಿತು. ಜೂನ್ 3ರಂದು ಸ್ಟಾಕ್‌ಹೋಮ್ ಮತ್ತು ಗೋಥೆನ್‌ಬರ್ಗ್ ನಗರಗಳಲ್ಲಿ ಜನ ಬೀದಿಗಿಳಿದರು. ಅಷ್ಟರಲ್ಲಿ ತಾಣ ಮತ್ತೆ ತೆರೆದಾಗಿತ್ತು. ದಾಳಿಯ ಸುದ್ದಿಯಿಂದಲೇ ಅದರ ಹೆಸರು ಇನ್ನಷ್ಟು ಹಬ್ಬಿತು.

ಸುಂಡೆ ಈ ಅವಧಿಯಲ್ಲಿ ಮಾತಿನ ಮುಂಚೂಣಿಯಲ್ಲಿದ್ದರು. ಪತ್ರಿಕೆಗಳಿಗೆ ಹೆಸರು, ಮುಖ ಎರಡನ್ನೂ ಕೊಟ್ಟು ಉತ್ತರಿಸಿದರು. ಕಂಪನಿಗಳು ಕಳಿಸಿದ ವಕೀಲರ ನೋಟಿಸುಗಳನ್ನು ತಾಣ ತನ್ನ ಅಣಕದ ಉತ್ತರಗಳ ಜೊತೆ ಪ್ರಕಟಿಸುತ್ತಿತ್ತು. ನನ್ನ ಅಭಿಪ್ರಾಯದಲ್ಲಿ ಆ ಅಣಕ ಅವರ ವಾದಕ್ಕೆ ಕೆಟ್ಟದ್ದನ್ನೇ ಮಾಡಿತು. ದೂರು ಬಂದರೂ ತೆಗೆಯಲಿಲ್ಲ ಎಂಬುದಕ್ಕೆ ಅವರೇ ಪುರಾವೆ ಇಟ್ಟಂತಾಯಿತು, ಮತ್ತು ಈ ಅಂಶ ಕೊನೆಯ ನ್ಯಾಯಾಲಯದವರೆಗೂ ಅವರನ್ನು ಹಿಂಬಾಲಿಸಿತು.

ಸ್ಟಾಕ್‌ಹೋಮ್ ಜಿಲ್ಲಾ ನ್ಯಾಯಾಲಯದಲ್ಲಿ ವಿಚಾರಣೆ ಶುರುವಾದದ್ದು 2009ರ ಫೆಬ್ರವರಿ 16ರಂದು. ಆರೋಪಿಗಳು ನಾಲ್ವರು: ಸುಂಡೆ, ನೇಯ್, ಸ್ವಾರ್ಟ್‌ಹೋಮ್ ಮತ್ತು ತಾಣಕ್ಕೆ ನೆರವು ನೀಡಿದ್ದ ಉದ್ಯಮಿ ಕಾರ್ಲ್ ಲುಂಡ್‌ಸ್ಟ್ರೋಮ್. ಮೂವತ್ತಕ್ಕೂ ಹೆಚ್ಚು ಹಾಡು, ಸಿನಿಮಾ, ಆಟಗಳನ್ನು ಮಾದರಿಯಾಗಿ ಮುಂದಿಡಲಾಗಿತ್ತು. ಎರಡನೆಯ ದಿನವೇ ಪ್ರಾಸಿಕ್ಯೂಟರ್ ಅರ್ಧ ಆರೋಪಗಳನ್ನು ಕೈಬಿಟ್ಟರು. ನಕಲು ತಯಾರಿಸಲು ನೆರವಾದರು ಎಂಬ ಭಾಗ ಹೋಯಿತು; ಕೃತಿಗಳನ್ನು ಸಾರ್ವಜನಿಕರಿಗೆ ದೊರಕುವಂತೆ ಮಾಡಲು ನೆರವಾದರು ಎಂಬ ಭಾಗ ಉಳಿಯಿತು. ಯಂತ್ರ ಹೇಗೆ ಕೆಲಸ ಮಾಡುತ್ತದೆ ಎಂದು ಮೊದಲೇ ನೋಡಿದ್ದು ಇದಕ್ಕಾಗಿ. ನಕಲು ಅವರ ಸರ್ವರಿನಲ್ಲಿ ಆಗುತ್ತಿರಲಿಲ್ಲ, ಹಾಗಾಗಿ ಮೊದಲ ಆರೋಪವನ್ನು ಸಾಬೀತು ಮಾಡುವುದು ಕಷ್ಟವಿತ್ತು.

ಏಪ್ರಿಲ್ 17ರ ತೀರ್ಪು: ನಾಲ್ವರಿಗೂ ತಲಾ ಒಂದು ವರ್ಷ ಸೆರೆ, ಒಟ್ಟಾಗಿ 3 ಕೋಟಿ ಸ್ವೀಡಿಷ್ ಕ್ರೋನರ್ ಪರಿಹಾರ. ಅಂದು ಸುಂಡೆ ಕ್ಯಾಮೆರಾ ಮುಂದೆ ಕೈಯಲ್ಲಿ ಬರೆದ ಸಾಲದ ಚೀಟಿಯೊಂದನ್ನು ಹಿಡಿದು ತೋರಿಸಿ, ಕೊಡಲು ಹಣವಿಲ್ಲ, ಇದ್ದರೂ ಕೊಡುವುದಿಲ್ಲ ಎಂದರು. ಕೆಲವೇ ದಿನಗಳಲ್ಲಿ ತೀರ್ಪು ಕೊಟ್ಟ ನ್ಯಾಯಾಧೀಶರು ಕೃತಿಸ್ವಾಮ್ಯ ಸಂಘಟನೆಗಳ ಸದಸ್ಯರು ಎಂಬ ಸಂಗತಿ ಬಯಲಾಯಿತು. ಮೇಲ್ಮನವಿ ನ್ಯಾಯಾಲಯ ಇದನ್ನು ಪರಿಶೀಲಿಸಿ ಪಕ್ಷಪಾತವಿಲ್ಲ ಎಂದಿತು. ಕಾನೂನಿನ ದೃಷ್ಟಿಯಲ್ಲಿ ಅದು ಅಲ್ಲಿಗೆ ಮುಗಿಯಿತು. ಆದರೆ ನ್ಯಾಯ ನಡೆದಂತೆ ಕಾಣಬೇಕು ಎಂಬ ತತ್ತ್ವವನ್ನು ಓದುತ್ತಿರುವ ನಾವು ಈ ಪ್ರಸಂಗವನ್ನು ಸುಮ್ಮನೆ ದಾಟಬಾರದು.

ತೀರ್ಪಿನ ರಾಜಕೀಯ ಫಲ ತಕ್ಷಣ ಕಂಡಿತು. 2006ರಲ್ಲಿ ರಿಕ್ ಫಾಲ್ಕ್‌ವಿಂಗೆ ಕಟ್ಟಿದ್ದ ಸ್ವೀಡನ್ನಿನ ಪೈರೇಟ್ ಪಕ್ಷದ ಸದಸ್ಯತ್ವ ಒಂದು ವಾರದಲ್ಲಿ ದುಪ್ಪಟ್ಟಿಗೂ ಮೀರಿ ಬೆಳೆಯಿತು. ಜೂನ್ ತಿಂಗಳ ಯುರೋಪಿಯನ್ ಸಂಸತ್ ಚುನಾವಣೆಯಲ್ಲಿ ಆ ಪಕ್ಷ ಶೇ 7.13 ಮತ ಪಡೆದು ಸಂಸತ್ತನ್ನು ಪ್ರವೇಶಿಸಿತು.

2010ರ ನವೆಂಬರ್ 26ರಂದು ಮೇಲ್ಮನವಿ ನ್ಯಾಯಾಲಯ ಒಬ್ಬೊಬ್ಬರ ಪಾತ್ರವನ್ನೂ ಬೇರೆಬೇರೆಯಾಗಿ ತೂಗಿತು. ಜಿಲ್ಲಾ ನ್ಯಾಯಾಲಯ ನಾಲ್ವರನ್ನೂ ಒಂದೇ ತಂಡವೆಂದು ನೋಡಿತ್ತು. ಈಗ ಸುಂಡೆ ಅವರಿಗೆ 8 ತಿಂಗಳು, ನೇಯ್ ಅವರಿಗೆ 10, ಲುಂಡ್‌ಸ್ಟ್ರೋಮ್ ಅವರಿಗೆ 4 ಆಯಿತು. ಸ್ವಾರ್ಟ್‌ಹೋಮ್ ಹಾಜರಿರಲಿಲ್ಲ, ಅವರ ಒಂದು ವರ್ಷ ಹಾಗೆಯೇ ಉಳಿಯಿತು. ಸೆರೆ ಇಳಿದರೂ ಪರಿಹಾರದ ಮೊತ್ತ 4.6 ಕೋಟಿ ಕ್ರೋನರ್‌ಗೆ ಏರಿತು. 2012ರ ಫೆಬ್ರವರಿ 1ರಂದು ಸುಪ್ರೀಂ ಕೋರ್ಟ್ ಮನವಿ ಸ್ವೀಕರಿಸಲು ಒಪ್ಪಲಿಲ್ಲ.

ಕಾನೂನು ಓದುವವರು ಹಿಡಿದಿಡಬೇಕಾದದ್ದು

ಸುಂಡೆ ಮತ್ತು ನೇಯ್ ಸ್ಟ್ರಾಸ್‌ಬರ್ಗ್‌ನ ಯುರೋಪಿಯನ್ ಮಾನವ ಹಕ್ಕುಗಳ ನ್ಯಾಯಾಲಯಕ್ಕೆ ಹೋದರು. 2013ರ ಫೆಬ್ರವರಿಯಲ್ಲಿ ಅರ್ಜಿ ತಿರಸ್ಕೃತವಾಯಿತು. ಬಹಳ ಕಡೆ ಇದನ್ನು ಬರೀ ಸೋಲು ಎಂದು ಬರೆದಿರುತ್ತಾರೆ. ನ್ಯಾಯಾಲಯ ಹೇಳಿದ್ದನ್ನು ಎರಡು ಭಾಗವಾಗಿ ನೋಡಬೇಕು. ಜನರು ಫೈಲುಗಳನ್ನು ಹಂಚಿಕೊಳ್ಳಲು ಸಾಧನ ಒದಗಿಸುವುದು ಸಹ ಮಾನವ ಹಕ್ಕುಗಳ ಒಡಂಬಡಿಕೆಯ 10ನೇ ವಿಧಿಯ ಅಭಿವ್ಯಕ್ತಿ ಸ್ವಾತಂತ್ರ್ಯದ ವ್ಯಾಪ್ತಿಗೆ ಬರುತ್ತದೆ, ಶಿಕ್ಷೆ ಕೊಟ್ಟದ್ದು ಆ ಸ್ವಾತಂತ್ರ್ಯದಲ್ಲಿ ಮಾಡಿದ ಹಸ್ತಕ್ಷೇಪವೇ ಎಂದು ಅದು ಒಪ್ಪಿತು. ಆಮೇಲೆ ಆ ಹಸ್ತಕ್ಷೇಪ ಸಮರ್ಥನೀಯ ಎಂದಿತು: ಎದುರಿಗೆ ಕೃತಿಕಾರರ ಆಸ್ತಿಯ ಹಕ್ಕೂ ಇದೆ, ಹಂಚಿಕೆಯಾದದ್ದು ರಾಜಕೀಯ ಅಭಿವ್ಯಕ್ತಿಯಷ್ಟು ರಕ್ಷಣೆ ಬೇಡುವಂಥದ್ದಲ್ಲ, ತೆಗೆಯಿರಿ ಎಂದು ಕೇಳಿದರೂ ಇವರು ತೆಗೆಯಲಿಲ್ಲ. ಮೊದಲ ಭಾಗವನ್ನು ಮರೆಯಬೇಡಿ. ನಾಳೆ ಬೇರೊಂದು ಮೊಕದ್ದಮೆಯಲ್ಲಿ, ರಾಜಕೀಯ ದಾಖಲೆಗಳನ್ನು ಹಂಚುವ ಸಾಧನದ ವಿಷಯ ಬಂದಾಗ, ಅದು ಬೇಕಾಗುತ್ತದೆ.

2017ರ ಜೂನಿನಲ್ಲಿ ಯುರೋಪಿಯನ್ ಒಕ್ಕೂಟದ ನ್ಯಾಯಾಲಯ ಡಚ್ ಪ್ರಕರಣವೊಂದರಲ್ಲಿ, ಇಂಥ ತಾಣವನ್ನು ನಡೆಸುವುದೇ ಕೃತಿಯನ್ನು 'ಸಾರ್ವಜನಿಕರಿಗೆ ತಲುಪಿಸುವ' ಕ್ರಿಯೆಯಾಗಬಲ್ಲದು ಎಂದಿತು. ಅಲ್ಲಿಗೆ ಸೂಚಿ ಮಾತ್ರ ಇಟ್ಟಿದ್ದೇವೆ ಎಂಬ ವಾದದ ಬಲ ಯುರೋಪಿನಲ್ಲಿ ಬಹುಮಟ್ಟಿಗೆ ಮುಗಿಯಿತು.

ನಮ್ಮ ಕಾನೂನನ್ನು ಪಕ್ಕದಲ್ಲಿಟ್ಟು ನೋಡಿ. ಭಾರತದ ಕೃತಿಸ್ವಾಮ್ಯ ಅಧಿನಿಯಮ, 1957ರ 63ನೇ ಕಲಮು ತಿಳಿದೂ ಉಲ್ಲಂಘಿಸುವವರನ್ನೂ ಅದಕ್ಕೆ ದುಷ್ಪ್ರೇರಣೆ ನೀಡುವವರನ್ನೂ ಒಂದೇ ಸಾಲಿನಲ್ಲಿ ನಿಲ್ಲಿಸುತ್ತದೆ: 6 ತಿಂಗಳಿಂದ 3 ವರ್ಷದವರೆಗೆ ಸೆರೆ, 50 ಸಾವಿರದಿಂದ 2 ಲಕ್ಷ ರೂಪಾಯಿವರೆಗೆ ದಂಡ. ಇನ್ನೊಂದೆಡೆ 2012ರ ತಿದ್ದುಪಡಿ ಸೇರಿಸಿದ 52(1)(ಸಿ) ಕಲಮು, ಲಿಂಕ್ ಅಥವಾ ಪ್ರವೇಶ ಒದಗಿಸುವ ಸಲುವಾಗಿ ಆಗುವ ತಾತ್ಕಾಲಿಕ ಸಂಗ್ರಹವನ್ನು ಷರತ್ತುಗಳೊಂದಿಗೆ ಉಲ್ಲಂಘನೆಯಿಂದ ಹೊರಗಿಡುತ್ತದೆ. ಅದು ಉಲ್ಲಂಘನೆಯ ನಕಲು ಎಂದು ತಿಳಿದಿದ್ದರೆ ಆ ರಕ್ಷಣೆ ಸಿಗುವುದಿಲ್ಲ. ಎರಡೂ ಕಲಮುಗಳ ನಡುವಿನ ಕೀಲು 'ತಿಳಿದಿರುವುದು'. ಸುಂಡೆ ಪ್ರಕರಣ ನಿಂತದ್ದೂ ಅದರ ಮೇಲೆಯೇ.

ಅದೇ 2012ರಲ್ಲಿ ಪೈರೇಟ್ ಬೇ ನಮ್ಮ ನ್ಯಾಯಾಲಯಕ್ಕೂ ಬಂತು. ದಕ್ಷಿಣ ಭಾರತದ ಎರಡು ಚಿತ್ರಗಳ ಪರವಾಗಿ ಮದ್ರಾಸ್ ಹೈಕೋರ್ಟಿನಿಂದ ಅನಾಮಿಕ ಪ್ರತಿವಾದಿಗಳ ವಿರುದ್ಧದ ಆದೇಶ ಪಡೆಯಲಾಯಿತು. ಇಂಥವನ್ನು ನಮ್ಮಲ್ಲಿ ಅಶೋಕ್ ಕುಮಾರ್ ಆದೇಶ ಎನ್ನುತ್ತಾರೆ. ಅದನ್ನು ಹಿಡಿದು ಇಂಟರ್ನೆಟ್ ಸೇವಾ ಕಂಪನಿಗಳು ಪೈರೇಟ್ ಬೇಯನ್ನಷ್ಟೇ ಅಲ್ಲದೆ ವಿಡಿಯೊ ಹಂಚುವ ವಿಮಿಯೊ, ಬರಹ ಹಂಚುವ ಪೇಸ್ಟ್‌ಬಿನ್‌ನಂಥ ತಾಣಗಳನ್ನೂ ಇಡಿಯಾಗಿ ಮುಚ್ಚಿದವು. ಜೂನ್ 9ರಂದು ಮುಂಬಯಿ, ಬೆಂಗಳೂರು ಸೇರಿದಂತೆ ಹಲವು ನಗರಗಳಲ್ಲಿ ಯುವಕರು ಮುಖವಾಡ ಧರಿಸಿ ಪ್ರತಿಭಟಿಸಿದರು. ಅದೇ ತಿಂಗಳು ಹೈಕೋರ್ಟ್, ತನ್ನ ಆದೇಶ ಆಯಾ ಚಿತ್ರ ಇರುವ ನಿರ್ದಿಷ್ಟ ಪುಟಗಳಿಗೆ ಮಾತ್ರ ಅನ್ವಯ, ಇಡೀ ತಾಣಕ್ಕಲ್ಲ ಎಂದು ಸ್ಪಷ್ಟಪಡಿಸಿತು. ನಡುವೆ ನಿಂತವನು ಭಯಕ್ಕೆ ಆದೇಶಕ್ಕಿಂತ ಹೆಚ್ಚಿನದನ್ನೇ ಮುಚ್ಚಿಬಿಡುತ್ತಾನೆ ಎಂಬುದಕ್ಕೆ ಇದಕ್ಕಿಂತ ಒಳ್ಳೆಯ ಪಾಠ ನಮಗೆ ಬೇಡ.

ಸೆರೆ

2014ರ ಮೇ ತಿಂಗಳಲ್ಲಿ ಸುಂಡೆ ಫಿನ್ಲೆಂಡಿನ ಪೈರೇಟ್ ಪಕ್ಷದಿಂದ ಯುರೋಪಿಯನ್ ಸಂಸತ್ತಿಗೆ ಸ್ಪರ್ಧಿಸಿ ಸೋತರು. ಆರು ದಿನಗಳ ಮೇಲೆ, ಮೇ 31ರಂದು, ದಕ್ಷಿಣ ಸ್ವೀಡನ್ನಿನ ಸ್ಕೋನೆ ಪ್ರಾಂತ್ಯದ ತೋಟದ ಮನೆಯೊಂದರಲ್ಲಿ ಪೊಲೀಸರು ಅವರನ್ನು ಹಿಡಿದರು. ಸರ್ವರ್‌ಗಳ ಮೇಲಿನ ದಾಳಿಗೆ ಅಂದಿಗೆ ಸರಿಯಾಗಿ ಎಂಟು ವರ್ಷ. ವೆಸ್ಟರ್‌ವಿಕ್ ನೊರ್ರಾ ಸೆರೆಮನೆಯಲ್ಲಿ ಶಿಕ್ಷೆಯ ಮೂರನೇ ಎರಡು ಭಾಗ ಕಳೆದು ನವೆಂಬರಿನಲ್ಲಿ ಹೊರಬಂದರು. ಒಳಗಿದ್ದಾಗಲೇ ತಂದೆ ತೀರಿಕೊಂಡರು. ಅಂತ್ಯಸಂಸ್ಕಾರದಲ್ಲಿ ಕೈಕೋಳವಿಲ್ಲದೆ ಶವಪೆಟ್ಟಿಗೆಗೆ ಹೆಗಲು ಕೊಡಲು ಅನುಮತಿ ಕೇಳಿ ಪಡೆಯಬೇಕಾಯಿತು. ತನ್ನ ಸರ್ವರಿನಲ್ಲಿ ಒಂದು ಹಾಡನ್ನೂ ಇಟ್ಟಿರದ ಮನುಷ್ಯನಿಗೆ ಸೆರೆಮನೆ ಯೋಗ್ಯ ಶಿಕ್ಷೆಯಾಗಿತ್ತೆ? ನನಗೆ ಹಾಗೆ ಅನ್ನಿಸುವುದಿಲ್ಲ. ಪರಿಹಾರ ಕೇಳಲಿ, ತಾಣಕ್ಕೆ ತಡೆ ತರಲಿ. ವಿವಾದದಲ್ಲಿದ್ದ ಕಾನೂನಿನ ಪ್ರಶ್ನೆಯೊಂದಕ್ಕೆ ಮನುಷ್ಯನನ್ನು ಕೂಡಿಹಾಕುವುದು ಬೇರೆಯೇ ಮಾತು.

ಕಲಾವಿದನಿಗೆ ಹಣ ಹೇಗೆ?

ಸುಂಡೆ ಅವರನ್ನು ಟೀಕಿಸುವವರು ಕೇಳುವ ಈ ಪ್ರಶ್ನೆ ನ್ಯಾಯವಾದದ್ದು. ಅದಕ್ಕೆ ಅವರು ಕೈಯಾರೆ ಉತ್ತರ ಕಟ್ಟಲು ಯತ್ನಿಸಿದರು ಎಂಬುದು ಪರಿಚಯಗಳಲ್ಲಿ ಬಿಟ್ಟುಹೋಗುತ್ತದೆ. 2010ರಲ್ಲಿ ಲಿನಸ್ ಓಲ್ಸನ್ ಜೊತೆ ಸೇರಿ 'ಫ್ಲಾಟರ್' ಆರಂಭಿಸಿದರು. ಓದುಗ ತಿಂಗಳಿಗೆ ಇಂತಿಷ್ಟು ಎಂದು ಸಣ್ಣ ಮೊತ್ತ ಇಡುತ್ತಿದ್ದ. ಕನಿಷ್ಠ 2 ಯೂರೋ. ಆ ತಿಂಗಳು ಮೆಚ್ಚಿದ ಬರಹ, ಹಾಡು, ಸಾಫ್ಟ್‌ವೇರ್‌ಗಳ ಪಕ್ಕದ ಗುಂಡಿ ಒತ್ತುತ್ತಾ ಹೋಗುತ್ತಿದ್ದ. ತಿಂಗಳ ಕೊನೆಗೆ ಮೊತ್ತ ಅವರೆಲ್ಲರಿಗೂ ಸಮನಾಗಿ ಹಂಚಿಕೆಯಾಗುತ್ತಿತ್ತು. ಒಂದೊಂದಕ್ಕೂ ಬೆಲೆ ಎಷ್ಟು ಎಂದು ಯೋಚಿಸುವ ತಾಪತ್ರಯವಿರಲಿಲ್ಲ. 2010ರ ಕೊನೆಗೆ ಪೇಪಾಲ್, ವೀಸಾ, ಮಾಸ್ಟರ್‌ಕಾರ್ಡ್ ಸಂಸ್ಥೆಗಳು ರಹಸ್ಯ ದಾಖಲೆಗಳನ್ನು ಪ್ರಕಟಿಸುವ ವಿಕಿಲೀಕ್ಸ್‌ಗೆ ಬರುತ್ತಿದ್ದ ದೇಣಿಗೆಯ ದಾರಿ ಮುಚ್ಚಿದಾಗ ಫ್ಲಾಟರ್ ತೆರೆದೇ ಇತ್ತು. ಹಣದ ನಡುವೆ ನಿಂತವರ ಬಲ ಎಷ್ಟು ಎಂದು ಜಗತ್ತು ಕಂಡದ್ದು ಆಗ. ವ್ಯಾಪಾರವಾಗಿ ಫ್ಲಾಟರ್ ದೊಡ್ಡದಾಗಿ ಬೆಳೆಯಲಿಲ್ಲ. 2017ರಲ್ಲಿ ಜಾಹೀರಾತು ತಡೆಯುವ ಆಡ್‌ಬ್ಲಾಕ್ ಪ್ಲಸ್ ತಯಾರಕರಾದ ಐಯೊ ಕಂಪನಿ ಅದನ್ನು ಕೊಂಡಿತು. ಆದರೂ ಇಂದು ಓದುಗರ ಚಂದಾದಿಂದ ಬದುಕುವ ಬರಹಗಾರರನ್ನು ನೋಡಿದಾಗ ಆ ದಿಕ್ಕು ಸರಿಯಿತ್ತು ಎನಿಸುತ್ತದೆ.

2013ರ ಜೂನಿನಲ್ಲಿ ಎಡ್ವರ್ಡ್ ಸ್ನೋಡೆನ್ ಅಮೆರಿಕದ ಕಣ್ಗಾವಲನ್ನು ಬಯಲು ಮಾಡಿದ ಮರುತಿಂಗಳೇ ಸುಂಡೆ ಮತ್ತು ಜೊತೆಗಾರರು 'ಹೆಮ್ಲಿಸ್' ಎಂಬ ಗೂಢಲಿಪಿಯ ಸಂದೇಶ ಆ್ಯಪ್ ಕಟ್ಟಲು ಜನರಿಂದ 1 ಲಕ್ಷ ಡಾಲರ್ ಕೇಳಿದರು. ಎರಡು ದಿನಗಳ ಆಸುಪಾಸಿನಲ್ಲಿ ಹಣ ಸೇರಿತು. ಆ್ಯಪ್ ಮಾತ್ರ ಮುಗಿಯಲಿಲ್ಲ, 2015ರಲ್ಲಿ ಕೈಬಿಟ್ಟರು.

ಅದೇ ವರ್ಷದ ಕೊನೆಗೆ ಕಟ್ಟಿದ 'ಕೊಪಿಮಶೀನ್' ಪರಿಹಾರದ ಲೆಕ್ಕಕ್ಕೆ ಕೊಟ್ಟ ಉತ್ತರ. ಒಂದು ರಾಸ್‌ಬೆರಿ ಪೈ (ಅಂಗೈಯಗಲದ ಕಂಪ್ಯೂಟರ್) ಯಂತ್ರ, ಒಂದೇ ಹಾಡು, ಸೆಕೆಂಡಿಗೆ 100 ನಕಲು, ಪ್ರತಿ ನಕಲೂ ಎಲ್ಲಿಯೂ ಉಳಿಯದೆ ಅಳಿಸಿಹೋಗುತ್ತದೆ. ದಿನಕ್ಕೆ 80 ಲಕ್ಷಕ್ಕೂ ಹೆಚ್ಚು ನಕಲು. ಒಂದೊಂದು ನಕಲಿಗೆ ಇಷ್ಟು ನಷ್ಟ ಎಂಬ ಉದ್ಯಮದ ಲೆಕ್ಕ ಹಿಡಿದರೆ ದಿನವೊಂದಕ್ಕೆ ಸುಮಾರು 1 ಕೋಟಿ ಡಾಲರ್ ಹಾನಿಯಾಗಬೇಕು. ಯಾರೊಬ್ಬರ ಜೇಬಿನಿಂದಲೂ ಒಂದು ಪೈಸೆ ಹೋಗಿರುವುದಿಲ್ಲ. ನಷ್ಟವನ್ನು ನಕಲುಗಳ ಎಣಿಕೆಯಿಂದ ಅಳೆಯುವ ಪದ್ಧತಿಯ ದೌರ್ಬಲ್ಯವನ್ನು ಇಷ್ಟು ಚಿಕ್ಕದಾಗಿ ತೋರಿಸಿದ ಇನ್ನೊಂದು ಉದಾಹರಣೆ ನನಗೆ ಗೊತ್ತಿಲ್ಲ. ಅವರ ಮೇಲಿನ ಲೆಕ್ಕ ಮಾತ್ರ ನಿಲ್ಲಲಿಲ್ಲ: 2016ರಲ್ಲಿ ಹೆಲ್ಸಿಂಕಿಯ ನ್ಯಾಯಾಲಯ ಧ್ವನಿಮುದ್ರಣ ಕಂಪನಿಗಳಿಗೆ 3.5 ಲಕ್ಷ ಯೂರೋ ಕೊಡುವಂತೆ ಅವರಿಗೆ ಆದೇಶಿಸಿತು.

ತಾನು ಬೆಳೆಸಿದ್ದು ಮುಚ್ಚಲಿ ಎಂದವರು

2014ರ ಡಿಸೆಂಬರಿನಲ್ಲಿ ಪೊಲೀಸರು ಮತ್ತೆ ದಾಳಿ ಮಾಡಿ ಪೈರೇಟ್ ಬೇ ಕೆಲಕಾಲ ನಿಂತಾಗ, ಆಗಷ್ಟೇ ಸೆರೆಯಿಂದ ಬಂದಿದ್ದ ಸುಂಡೆ ತಮಗೆ ದುಃಖವಿಲ್ಲ ಎಂದು ಬರೆದರು. ತಾಣ ಕೊಳಕು ಜಾಹೀರಾತುಗಳಿಂದ ತುಂಬಿತ್ತು, ಹತ್ತು ವರ್ಷ ತುಂಬಿದಾಗ ಅದನ್ನು ಮುಚ್ಚಿಬಿಡಬೇಕೆಂಬುದು ತಮ್ಮ ಆಸೆಯಾಗಿತ್ತು, ಅದು ಹೋದರೆ ಆ ಜಾಗದಲ್ಲಿ ಹೊಸದೇನಾದರೂ ಬೆಳೆದೀತು ಎಂಬುದು ಅವರ ಮಾತಿನ ಸಾರ. ಒಂದೇ ತಾಣದ ಮೇಲೆ ಎಲ್ಲರೂ ಒರಗಿದರೆ ಅದೂ ನಡುವೆ ನಿಂತ ಯಜಮಾನನಾಗುತ್ತದೆ ಎಂಬುದು ಅವರ ತರ್ಕ. ಮರುವರ್ಷ ಸಂದರ್ಶನವೊಂದರಲ್ಲಿ ಮುಕ್ತ ಅಂತರಜಾಲದ ಹೋರಾಟದಲ್ಲಿ ನಾವು ಸೋತಿದ್ದೇವೆ ಎಂಬರ್ಥದಲ್ಲಿ ಮಾತನಾಡಿದರು. ಕೆಲವೇ ಕಂಪನಿಗಳ ಕೈಗೆ ಎಲ್ಲವೂ ಹೋಗಿದೆ, ಜನ ಅದನ್ನು ಸಂತೋಷದಿಂದ ಒಪ್ಪಿದ್ದಾರೆ ಎಂಬುದು ಅವರ ನೋವು.

ಹೀಗೆ ಹೇಳಿದ ಮೇಲೂ ಕೈಕಟ್ಟಿ ಕೂರಲಿಲ್ಲ. 2017ರಲ್ಲಿ 'ನ್ಯಾಲ್ಲ' ಎಂಬ ಡೊಮೇನ್ ಸೇವೆ ಆರಂಭಿಸಿದರು. ಜಾಲತಾಣದ ಹೆಸರನ್ನು ಸಂಸ್ಥೆ ತನ್ನ ಹೆಸರಿನಲ್ಲೇ ನೋಂದಾಯಿಸಿ, ಬಳಸುವ ಹಕ್ಕನ್ನು ಗ್ರಾಹಕನಿಗೆ ಕೊಡುತ್ತದೆ. ಗ್ರಾಹಕನ ಗುರುತು ಹೊರಗೆ ಬರುವುದಿಲ್ಲ. ಸರ್ಕಾರದ ಕಣ್ಣಿಗೆ ಬಿದ್ದ ಪತ್ರಕರ್ತ, ಮಾಹಿತಿ ಹೊರಗೆಡಹುವ ನೌಕರ, ವಿರೋಧಿ ಗುಂಪು ಇಂಥವರಿಗೆ ಇದು ದೊಡ್ಡ ಆಸರೆ. ಆದರೆ ಕಾಗದದ ಮೇಲೆ ಹೆಸರಿನ ಮಾಲೀಕ ಸೇವೆ ಕೊಡುವ ಸಂಸ್ಥೆಯೇ. ನಾಳೆ ಅದು ಮುಚ್ಚಿದರೆ, ಮಾರಾಟವಾದರೆ, ಮನಸ್ಸು ಬದಲಿಸಿದರೆ ಗ್ರಾಹಕನ ಕೈಯಲ್ಲಿ ಉಳಿಯುವುದು ಒಪ್ಪಂದ ಮಾತ್ರ. ನಡುವಿನವನನ್ನು ತೆಗೆದುಹಾಕಲು ಹೊರಟ ಮನುಷ್ಯ ಇಲ್ಲಿ ನಂಬಿಕಸ್ಥ ನಡುವಿನವನಾಗಿ ನಿಂತಿದ್ದಾರೆ. ಮುಂದಿನ ಚರ್ಚೆಗೆ ಬರುವವರು ಮ್ಯಾಗ್ನೆಟ್ ಲಿಂಕ್ ಮತ್ತು ಡೊಮೇನ್ ಹೆಸರು ಎರಡನ್ನೂ ಹೋಲಿಸಿಕೊಂಡು ಬನ್ನಿ: ಹ್ಯಾಶ್ ಸಂಖ್ಯೆಗೆ ಯಾವ ನೋಂದಣಿ ಕಚೇರಿಯೂ ಬೇಕಿಲ್ಲ, ಮನುಷ್ಯರು ನೆನಪಿಡಬಲ್ಲ ಹೆಸರಿಗೆ ಇಂದಿಗೂ ಬೇಕು.